ನಮ್ಮ ಮನೆತನದ ನಾಡಗೌಡಕಿಯು ಕೊನೆಗೊಂಡ ಬಗ್ಗೆ

ಮೇಲ್ಕಂಡ ವಿಷಯವನ್ನು ಕುರಿತು ಬರೆಯಲು ನನಗೆ ಅಧಿಕಾರವಿದೆಯೇ ಎಂಬುದನ್ನು ಮೊದಲು ಇತ್ಯರ್ಥಪಡಿಸಿಕೊಳ್ಳಬೇಕಾಗಿದೆ. ನಾನು ಲೇಖಕಿಯಲ್ಲ. ಹುಕ್ಕೇರಿಯ ಒಂದು ಸರಕಾರಿ ಕಚೇರಿಯಲ್ಲಿ ಗುಮಾಸ್ತಳಾಗಿ ಸೇರಿ, ಅಲ್ಲಿಯೇ ನಿವೃತ್ತಳಾದವಳು. ಸೇವೆಯುದ್ದಕ್ಕೂ ನಾನು ಬರೆದದ್ದೆಲ್ಲ ಬೇರೆಯವರ ಸಹಿಗಾಗಿ. ನನ್ನದೇ ಸಹಿ ಹಾಕಿ ನಾನಾಗಿಯೇ ಬರೆದ ಪತ್ರ ಒಂದೇ ಒಂದು. ಆ ಪತ್ರದ ಪರಿಣಾಮವನ್ನು ವಿವರಿಸುವುದೇ ಈ ಬರಹದ ಉದ್ದೇಶವಾಗಿರುತ್ತದೆ.

ನಮ್ಮ ಮನೆತನಕ್ಕೆ ‘ನಾಡಗೌಡ’ ಎಂಬ ವಂಶಪಾರಂಪರ್ಯದ ಪದವಿ ಇತ್ತು. ಮೂಡಲಗಿಯ ಆಸುಪಾಸಿನ ಕೆಲವು ಹಳ್ಳಿಗಳಿಗೆ ನಮ್ಮ ಹಿರಿಯರು ಗೌಡರ ಮೇಲಿನ ಗೌಡರಾಗಿದ್ದರಂತೆ. ಯಾವ ದೊರೆ ಕೊಟ್ಟದ್ದು, ಯಾವ ಸೇವೆಗಾಗಿ ಕೊಟ್ಟದ್ದು ಎಂಬುದಕ್ಕೆ ನಮ್ಮಲ್ಲಿ ಯಾವ ಆಧಾರವೂ ಇಲ್ಲ. ವಂಶಪಾರಂಪರ್ಯದ ಹುದ್ದೆಗಳಾದ ವತನಗಳು ರದ್ದಾದಾಗ ಪದವಿಯ ಅಧಿಕಾರ ಹೋಯಿತು. ಉಳುವವರಿಗೆ ಭೂಮಿ ಆದಾಗ ಹೊಲಗಳೂ ಹೋದವು. ಆ ಹೊತ್ತಿಗೆ ನಮ್ಮ ವಾಡೆಯ ಮೇಲ್ಛಾವಣಿ ಕುಸಿದಿತ್ತು. ಕಲ್ಲುಗಳನ್ನು ಊರವರು ತಮ್ಮ ಮನೆಗಳ ಪಾಯಕ್ಕೆ ಒಯ್ದರು. ನಮ್ಮ ತಂದೆಯವರು ಬೇಡವೆನ್ನಲಿಲ್ಲ.

ಇಷ್ಟೆಲ್ಲ ಹೋದ ಮೇಲೆಯೂ ಉಳಿದದ್ದು ಒಂದು ಕೂಗು.

ವಿಜಯದಶಮಿಯ ಸಂಜೆ ಊರ ಹೊರಗಿನ ಬನ್ನಿ ಗಿಡದ ಹತ್ತಿರ ಜನ ಸೇರುತ್ತಾರೆ. ನಾಡಗೌಡರು ಮೊದಲ ಟೊಂಗೆ ಮುರಿಯುವವರೆಗೆ ಯಾರೂ ಬನ್ನಿ ಮುಟ್ಟುವಂತಿರಲಿಲ್ಲ. ನಾಡಗೌಡರು ಬಂದಿದ್ದಾರೆಂದು ಊರಿಗೆ ಸಾರುವ ಕೆಲಸ ಒಂದು ಮುಸಲ್ಮಾನ ಮನೆತನದ್ದು. ಅವರನ್ನು ಚೋಪದಾರರೆಂದು ಕರೆಯುತ್ತಾರೆ. ಚೋಪದಾರರು ಕೈಯಲ್ಲಿ ಬೆಳ್ಳಿಕೋಲು ಹಿಡಿದು, ಗಿಡಕ್ಕೆ ಬೆನ್ನು ಮಾಡಿ ನಿಂತು, ಮೂರು ಸಲ ಕೂಗುತ್ತಿದ್ದರು:

“ನಾಡಿಗೆ ಗೌಡರು, ಸೀಮಿಗೆ ಹಿರಿಯರು, ಬನ್ನಿಗೆ ಮೊದಲಿಗರು, ಬಂದಾರೇನೋ?”

ಮೂರನೆಯ ಕೂಗಿಗೆ ನಾಡಗೌಡರಾದವರು “ಬಂದೇನಿ” ಎನ್ನಬೇಕು. ಆಮೇಲೆ ಟೊಂಗೆ ಮುರಿದು ಮೊದಲ ಎಲೆಗಳನ್ನು ಚೋಪದಾರರ ಕೈಗೆ ಕೊಡಬೇಕು. ಊರ ಹಿರಿಯರಿಗೆ, ಪೂಜಾರಿಗೆ, ಉಳಿದೆಲ್ಲರಿಗೆ ಅದರ ನಂತರ. ಆ ಒಂದು ಸಂಜೆ ಎಲೆಗಾಗಿ ಇಡೀ ಊರು ಚೋಪದಾರರ ಹಿಂದೆ ನಿಲ್ಲುತ್ತಿತ್ತು. ಬೆಳ್ಳಿಕೋಲಿನ ಬೆಳ್ಳಿಯನ್ನು ನಮ್ಮ ಅಜ್ಜನ ಕಾಲದಲ್ಲೇ ಮಾರಿ ಹಿತ್ತಾಳೆಯ ಕಟ್ಟು ಹಾಕಿಸಿದ್ದರು. ಅದು ಎಲ್ಲರಿಗೂ ಗೊತ್ತಿತ್ತು. ಚೋಪದಾರರ ಮನೆಯಲ್ಲಿ ಅದನ್ನು ಹುಣಸೆಹಣ್ಣು ಹಚ್ಚಿ ತಿಕ್ಕುತ್ತಿದ್ದರು, ಊರು ಅದನ್ನು ಬೆಳ್ಳಿಕೋಲೆಂದೇ ಕರೆಯುತ್ತಿತ್ತು.

ನನಗೆ ಬುದ್ಧಿ ತಿಳಿದಾಗಿನಿಂದ ಚೋಪದಾರರೆಂದರೆ ಒಬ್ಬರೇ. ಅವರನ್ನು ನಾನು ಕಾಕಾ ಎನ್ನುತ್ತೇನೆ. ಈ ಪದವಿಯ ಕೊನೆಯಿಂದ ನನಗೆ ನಷ್ಟವಾದದ್ದು ಏನೂ ಇಲ್ಲ. ನಷ್ಟವಾಗುವುದಿದ್ದರೆ ಅವರಿಗೆ ಎಂಬುದು ನನಗೆ ಮೊದಲಿನಿಂದಲೂ ತಿಳಿದಿತ್ತು. ತಿಳಿದೂ ಮಾಡಿದ್ದೇನೆ ಎಂಬುದನ್ನು ಓದುಗರು ದಯವಿಟ್ಟು ಗಮನಿಸಬೇಕು.

ನಮ್ಮ ತಂದೆಯವರು ಗೋಕಾಕ ಫಾಲ್ಸಿನ ಗಿರಣಿಯಲ್ಲಿ ಹಾಜರಿ ಬರೆಯುವ ನೌಕರಿಯಲ್ಲಿದ್ದರು. ನಾವು ಗೋಕಾಕದಲ್ಲಿ ಬಾಡಿಗೆ ಮನೆಯಲ್ಲಿದ್ದೆವು. ವರ್ಷವಿಡೀ ಅವರು ಮಿಲ್ಲಿನ ಭೋಂಗಾ ಕೂಗಿದೊಡನೆ ಓಡುವ ಮನುಷ್ಯ. ದಸರೆಯ ದಿನ ಮಾತ್ರ ಅವರ ಜರಿಯಂಚಿನ ರುಮಾಲು ಒಂದು ಪ್ಲಾಸ್ಟಿಕ್ ಚೀಲದಲ್ಲಿ ನಮ್ಮೊಂದಿಗೆ ಬಸ್ಸು ಹತ್ತುತ್ತಿತ್ತು. ಮೂಡಲಗಿ ಸ್ಟ್ಯಾಂಡಿನಲ್ಲಿ ಇಳಿದು, ಪಾನ್ ಅಂಗಡಿಯ ಕನ್ನಡಿಯೆದುರು ನಿಂತು ಅದನ್ನು ಸುತ್ತಿಕೊಳ್ಳುತ್ತಿದ್ದರು. ಅಂಗಡಿಯವನು ಪ್ರತಿ ವರ್ಷ, “ಗೌಡ್ರ, ಕನ್ನಡಿ ಬಾಡಿಗಿ ಯಾವಾಗ ಕೊಡ್ತೀರಿ?” ಎನ್ನುತ್ತಿದ್ದ. ತಂದೆಯವರು, “ರಾಜ್ಯ ತಿರುಗಿ ಬಂದ ಮ್ಯಾಲ ಕೊಡ್ತೇನಪಾ” ಎಂದು ನಗುತ್ತಿದ್ದರು. ಆದರೆ ಊರ ಹಾದಿ ಹಿಡಿದಂತೆ ಅವರ ನಗು ಕಡಿಮೆಯಾಗುತ್ತಿತ್ತು. ಬನ್ನಿ ಗಿಡದ ಕೆಳಗೆ ಅವರು ನಿಲ್ಲುತ್ತಿದ್ದ ರೀತಿ, ಮೇಲಧಿಕಾರಿ ಕರೆದಾಗ ನಿಲ್ಲುವ ರೀತಿಯೇ ಆಗಿತ್ತು. “ಬಂದೇನಿ” ಎಂಬುದನ್ನು ಅವರು ಬಹಳ ಮೆಲ್ಲಗೆ ಹೇಳುತ್ತಿದ್ದರು. ಕಾಕಾ ಕೈಯೊಡ್ಡಿ ಎಲೆ ತೆಗೆದುಕೊಂಡು ಕಣ್ಣಿಗೊತ್ತಿಕೊಳ್ಳುವಾಗ ತಂದೆಯವರು ಮಾತ್ರ ಬೇರೆ ಕಡೆ ನೋಡುತ್ತಿದ್ದರು.

ಆಗ ನಾನು ಕಾಕಾನನ್ನು “ನೀ” ಎನ್ನುತ್ತಿದ್ದೆ. ಅವರು ನನಗೆ “ಅವ್ವಾರ, ಬರ್ರಿ” ಎನ್ನುತ್ತಿದ್ದರು. ನನ್ನ ತಂದೆಗಿಂತ ಹಿರಿಯರು, ಲಂಗ ತೊಟ್ಟ ನನಗೆ ಬಹುವಚನ ಕೊಡುತ್ತಿದ್ದರು. ಅದರಲ್ಲಿ ತಪ್ಪೇನಿದೆಯೆಂದು ನನಗೆ ಅನಿಸಿದ್ದು ಕೆಲಸಕ್ಕೆ ಸೇರಿದ ಮೇಲೆ. ಅನಿಸಿದ ಮೇಲೆಯೂ ಅವರನ್ನು ಮಾತನಾಡಿಸುವಾಗ ನಾಲಿಗೆ ತೊಡರಿ, ನೀ ಎನ್ನಲಾರದೆ, ನೀವು ಎನ್ನಲಾರದೆ, ಯಾರನ್ನೂ ಉದ್ದೇಶಿಸದ ಮಾತುಗಳನ್ನು ಆಡಿ ಬರುತ್ತಿದ್ದೆ. “ಆರಾಮ ಐತೇನು?” “ಮಳಿ ಛಲೋ ಆತು.” ಹೀಗೆ.

ನಾನು ಒಬ್ಬಳೇ ಮಗಳು. ತಂದೆಯವರಿಗೆ ಅಣ್ಣತಮ್ಮಂದಿರೂ ಇರಲಿಲ್ಲ. ಪದವಿ ಗಂಡುಮಕ್ಕಳಿಗೆ ಮಾತ್ರ ಹೋಗತಕ್ಕದ್ದು. ದತ್ತಕ ತೆಗೆದುಕೊಳ್ಳಿರೆಂದು ಊರ ಹಿರಿಯರು ಕೇಳಿದಾಗ ತಂದೆಯವರು, “ಕೊಡಾಕ ಏನೈತ್ರಿ ನನ್ನ ಹಂತ್ಯಾಕ? ಒಂದು ರುಮಾಲು, ಒಂದು ಕೂಗು. ಅದಕ್ಕೊಂದು ಕೂಸಿನ ಹೆಸರು ಯಾಕ ಬದಲ ಮಾಡಸ್ತೀರಿ?” ಎಂದುಬಿಟ್ಟರು.

ಹೋದ ಬೇಸಿಗೆಯಲ್ಲಿ ಅವರು ಘಟಪ್ರಭಾದ ಆಸ್ಪತ್ರೆಯಲ್ಲಿದ್ದರು. ಒಂದು ಮಧ್ಯಾಹ್ನ, ಸ್ಟೇಶನ್ನಿನಲ್ಲಿ ಗಾಡಿ ನಿಂತು ಹೊರಟ ಸದ್ದು ಅಡಗಿದ ಮೇಲೆ, ಕಣ್ಣು ತೆರೆದು ನನ್ನನ್ನು ಕರೆದರು.

“ಇದು ನನ್ನ ಕೂಡ ಮುಗೀಲಿ. ನಿನ್ನ ಕೊರಳಿಗೆ ಬ್ಯಾಡ. ಊರವರು ನಿನ್ನ ಒತ್ತಾಯ ಮಾಡ್ತಾರ. ಹೂಂ ಅನಬ್ಯಾಡ.”

ನಾನು ಆಗಲೆಂದೆ.

“ಮತ್ತ ಚೋಪದಾರಗ ನೀನ ಹೋಗಿ ಹೇಳಬೇಕು. ಅವನ ಎದುರಿಗೆ ಕುಂತು ಹೇಳು. ನನಗ ಧೈರ್ಯ ಆಗಲಿಲ್ಲ. ನಿನಗರ ಆಗಲಿ.”

ಅದಕ್ಕೂ ಆಗಲೆಂದೆ. ಹೀಗೆ ಎರಡು ವಿಷಯಗಳಲ್ಲಿ ನಾನು ಮಾತು ಕೊಟ್ಟಿರುತ್ತೇನೆ. ಅವರು ಆ ವಾರವೇ ತೀರಿಕೊಂಡರು. ಕಾಕಾ ಮಣ್ಣಿಗೆ ಬಂದಿದ್ದರು. ಕೋಲು ತಂದಿರಲಿಲ್ಲ. ಮೂಲೆಯಲ್ಲಿ ಟೊಪ್ಪಿಗೆ ಕೈಯಲ್ಲಿ ಹಿಡಿದು ಕುಳಿತಿದ್ದರು. ಅಂದೇ ಹೇಳಬಹುದಾಗಿತ್ತು. ಇಂಥ ದಿನ ಹೇಗೆ ಹೇಳುವುದೆಂದು ನಾನೇ ಕಾರಣ ಕೊಟ್ಟುಕೊಂಡೆ. ಆಮೇಲೆ ಬಿಸಿಲು, ಮುಂದೆ ಮಳೆ, ಮತ್ತೆ ಮೊಣಕಾಲು ನೋವು. ಹುಕ್ಕೇರಿಯಿಂದ ಘಟಪ್ರಭಾ, ಅರಭಾವಿ ಮಾರ್ಗವಾಗಿ ಮೂಡಲಗಿ ತಲುಪುವುದು ಅಷ್ಟೇನೂ ಪ್ರಯಾಸದ ಪ್ರಯಾಣವಲ್ಲ. ಅರಭಾವಿಯ ಕಾಲೇಜಿಗೆ ದಿನಾಲೂ ಹುಡುಗಿಯರು ನಿಂತುಕೊಂಡು ಹೋಗಿ ಬರುತ್ತಾರೆ.

ಶ್ರಾವಣದಲ್ಲಿ ಊರ ಹಿರಿಯರೊಬ್ಬರು ಫೋನು ಮಾಡಿದರು. “ನೀವ ಬಂದು ಓ ಅನ್ರಿ ಅವ್ವಾರ. ಈಗ ಹೆಣ್ಮಕ್ಕಳು ಏನು ಆಗಿಲ್ಲ? ಪಂಚಾಯ್ತಿ ಅಧ್ಯಕ್ಷರೂ ಹೆಣ್ಮಗಳ ಅದಾರ. ಊರಿಗೆ ಒಂದು ಶೋಭಾ ಇರತೈತಿ.”

ನಾನು ಆಗುವುದಿಲ್ಲವೆಂದೆ. ಆದರೆ ಫೋನು ಇಟ್ಟ ಮೇಲೆ ನಡೆದದ್ದನ್ನೂ ಇಲ್ಲಿ ದಾಖಲಿಸುವುದು ಉಚಿತ. ಒಲೆಯ ಮುಂದೆ ರೊಟ್ಟಿ ಬಡಿಯುತ್ತ, ಯಾರೂ ಇಲ್ಲದ ಮನೆಯಲ್ಲಿ, ನಾನು “ಬಂದೇನಿ” ಎಂದು ಹೇಳಿ ನೋಡಿದೆ. ಮೊದಲು ಮೆಲ್ಲಗೆ, ಆಮೇಲೆ ಸ್ವಲ್ಪ ಗಟ್ಟಿಯಾಗಿ. ಅದು ನನ್ನ ಬಾಯಿಗೆ ರುಚಿಸಿತು. ಅದಕ್ಕೇ ಹೆದರಿಕೆಯಾಯಿತು. ಕೂಡಲೇ ಈ ವಿಷಯವನ್ನು ಮುಗಿಸಿಬಿಡಬೇಕೆಂದು ಕೈ ತೊಳೆದುಕೊಂಡು ಮೇಜಿಗೆ ಕುಳಿತು ಪತ್ರ ಬರೆದೆ. ಚೋಪದಾರರ ಹೆಸರಿಗೆ, ರಜಿಸ್ಟರ್ ಅಂಚೆಯಲ್ಲಿ.

ಅದರ ಒಂದು ವಾಕ್ಯ ಈ ರೀತಿ ಇತ್ತು: “ಸದರಿ ನಾಡಗೌಡ ಪದವಿಯು ಕೊನೆಯ ಪದಧಾರಕರ ನಿಧನದೊಂದಿಗೆ ಮುಕ್ತಾಯಗೊಂಡಿರುವುದರಿಂದ, ಬರುವ ವಿಜಯದಶಮಿಯಂದು ತಾವು ಎಂದಿನಂತೆ ಕೂಗು ಹಾಕುವ ಅಗತ್ಯ ಇರುವುದಿಲ್ಲವೆಂದು ಈ ಮೂಲಕ ತಿಳಿಯಪಡಿಸಲಾಗಿದೆ.” ಬರೆದು ಮುಗಿಸಿದಾಗ ನನಗೆ ಸಮಾಧಾನವಾಗಿತ್ತು. ವಾಕ್ಯ ಎಲ್ಲಿಯೂ ಕುಂಟಿರಲಿಲ್ಲ. ಕಾಕಾನಿಗೆ ನಾನು ಜೀವನದಲ್ಲಿ ಮೊದಲ ಸಲ “ತಾವು” ಎಂದದ್ದು ಅದೇ ಪತ್ರದಲ್ಲಿ.

ಕಾಕಾನಿಗೆ ಓದಲು ಬರುವುದಿಲ್ಲ ಎಂಬುದು ನನಗೆ ಗೊತ್ತಿಲ್ಲದ ವಿಷಯವಾಗಿರಲಿಲ್ಲ. ಮನೆಯಲ್ಲಿ ಯಾರಾದರೂ ಓದಿ ಹೇಳುತ್ತಾರೆಂದು ಎಣಿಸಿದ್ದೆ. ಯಾರು, ಎಲ್ಲಿ, ಯಾರ ಮುಂದೆ ಎಂದು ಎಣಿಸಲಿಲ್ಲ.

ಕೆಲವು ದಿನಗಳಾದ ಮೇಲೆ ಕಾಕಾನ ಸೊಸೆ ಫೋನು ಮಾಡಿದಳು. ಹೊಲಿಗೆ ಹಾಕಿ ಮನೆ ನಡೆಸುವ ಹೆಣ್ಣುಮಗಳು, ಮಾತಿನಲ್ಲಿ ಯಾರಿಗೂ ಸೋಲುವವಳಲ್ಲ.

“ಅಕ್ಕಾರ, ನಿಮ್ಮ ನೋಟೀಸ ಮುಟ್ಟೇತ್ರಿ.”

“ಅದು ನೋಟೀಸ ಅಲ್ಲವ್ವಾ, ಪತ್ರ.”

“ಪತ್ರ ಆದ್ರ ಪೋಸ್ಟ್‌ಮನ್ ಹೆಬ್ಬಟ್ಟು ಯಾಕ ಒತ್ತಿಸ್ಕೊಂಡಾನ್ರಿ? ನಮ್ಮ ಮಾವ ಬ್ಯಾಂಕಿನವರು ಮನಿ ಜಪ್ತಿ ಮಾಡಾಕ ಬರ್ತಾರ ಅಂತ ಅಂಜಿ, ಅದನ್ನ ಹಿಡಕೊಂಡು ಸೀದಾ ಚಹಾದ ಅಂಗಡಿಗೆ ಓಡ್ಯಾರ. ಅಲ್ಲೆ ಒಬ್ಬಾಂವ ಗಟ್ಟ್ಯಾಗಿ ಓದ್ಯಾನ. ಇಡೀ ಊರು ಕೇಳೇತಿ. ‘ಚೋಪದಾರ, ನಿನ್ನ ನೌಕರಿ ಹೋತಲೇ! ಪೆನ್ಶನ್ ಎಷ್ಟು ಕೂಡ್ಸ್ಯಾರ? ಚಹಾ ಕುಡಸು!’ ಅಂದಾರ. ಇವರೂ ಎಲ್ಲಾರಿಗೂ ಚಹಾ ಕುಡಿಸಿ ಬಂದಾರ. ಬಂದು ಮಕ್ಕೊಂಡಾರು ಎದ್ದಿಲ್ಲ.”

ಮರುದಿನವೇ ನಾನು ಹೊರಟೆ. ಗೋಕಾಕದಲ್ಲಿ ಇಳಿದು ಕರದಂಟು ಕಟ್ಟಿಸಿಕೊಂಡು ಸುತ್ತಿನ ದಾರಿಯಲ್ಲಿ ಹೋದದ್ದೂ, ತಲುಪುವುದನ್ನು ಇನ್ನಷ್ಟು ಮುಂದೂಡುವ ಉಪಾಯವೇ ಇರಬೇಕು. ಊರಿಗೆ ಹೋಗುವ ಬಸ್ಸಿನಲ್ಲಿ ಸೀಟಿರಲಿಲ್ಲ. ಕುರಿ ಸಂತೆಯಿಂದ ಮರಳುತ್ತಿದ್ದ ಒಬ್ಬ ಮುದುಕಿ ನನ್ನ ಮುಖ ನೋಡಿ, “ನೀವು ನಾಡಗೌಡರ ಮಗಳಲ್ಲೇನ್ರಿ?” ಎಂದು ಎದ್ದು ನಿಂತಳು. ನಾನು ಬೇಡವೆಂದೆ. ಆಕೆ ಕೇಳಲಿಲ್ಲ. ಕೊನೆಗೆ ನಾನು ಕುಳಿತೆ. ಪದವಿ ಮುಕ್ತಾಯಗೊಂಡಿದೆ ಎಂದು ಬರೆದ ಕೈಗಳು ತೊಡೆಯ ಮೇಲಿದ್ದವು. ಆಕೆ ಕಂಬಿ ಹಿಡಿದು ಊರು ಬರುವವರೆಗೆ ಜೋಲಿ ಹೊಡೆದಳು.

ಕಾಕಾ ಹೊರಸಿನ ಮೇಲೆ ಕುಳಿತಿದ್ದರು. ನನ್ನನ್ನು ಕಂಡದ್ದೇ ಎದ್ದರು. ನಾನು ನೆಲದ ಮೇಲೆ, ಅವರ ಎದುರಿಗೆ ಕುಳಿತೆ. ತಂದೆಯವರು ಹೇಳಿದ ಹಾಗೆ. ತಡವಾಗಿ.

“ತಪ್ಪಾತ್ರಿ ಕಾಕಾ. ನಾನ ಬಂದು ಹೇಳಬೇಕಾಗಿತ್ತು. ಅಪ್ಪ ಹಂಗ ಹೇಳಿದ್ದ.”

ಅವರು ಕರದಂಟಿನ ಪೊಟ್ಟಣವನ್ನು ಸೊಸೆಗೆ ದಾಟಿಸಿದರು. ನಿಧಾನವಾಗಿ ನಕ್ಕರು.

“ಅವ್ವಾರ, ನನಗೊಂದು ನೌಕರಿ ಇತ್ತು ಅನ್ನೂದ ನನಗ ಗೊತ್ತಿರಲಿಲ್ರಿ. ಹೋದ ಮ್ಯಾಲ ಗೊತ್ತಾತು.”

ಒಳಗಿನಿಂದ ಸೊಸೆ ಹೇಳಿದಳು: “ಹೋದದ್ದು ಛಲೋ ಆತು ಬಿಡ್ರಿ. ಆ ಕೂಗು ಕೇಳಿದ್ರ ಹಿಂದಕ ಏನ್ ಮಾಡತಿದ್ರು ಗೊತ್ತೈತೇನ್ರಿ ಅಕ್ಕಾರ? ನಮ್ಮ ತವರಮನಿ ಮುತ್ಯಾ ಹೇಳತಿದ್ದ. ಬನ್ನಿ ದಿನ ಅಷ್ಟ ಅಲ್ಲ, ಸುಗ್ಗಿ ಮುಗಿದ ಕೂಡ್ಲೇ ಇದ ಕೂಗು ಊರಾಗ ಬರತಿತ್ತಂತ. ಕಾಳಿನ ಹಗೇವು ಇದ್ದವರು ಅದರ ಮ್ಯಾಲ ಸೆಗಣಿ ಸಾರಿಸಿ, ಹೊರಸು ಹಾಕಿ ಮಕ್ಕೊಂತಿದ್ರಂತ. ಮುಂದ ಕೂಗಾಂವ ನಮ್ಮ ಮಾವನ ಅಪ್ಪ. ಹಿಂದ ಚೀಲ ಹಿಡಕೊಂಡು ನಿಮ್ಮ ಮಂದಿ.”

“ಸುಮ್ಮನಿರ ಅವ್ವಾ, ಮನಿಗೆ ಬಂದಾರ” ಎಂದರು ಕಾಕಾ.

“ಖರೆ ಹೇಳಿದ್ನಿ. ಬೈದ್ನೇನ್ರಿ?”

ಆಕೆ ಬೈದಿರಲಿಲ್ಲ. ನಾನು ಆಡಬೇಕಾಗಿದ್ದ ಮಾತನ್ನು ಆಕೆ ಆಡಿದ್ದಳು. ಮನೆಯಲ್ಲಿ ನಮಗೆ ಹೇಳಿದ ಇತಿಹಾಸದಲ್ಲಿ ನೆಲದೊಳಗಿನ ಕಾಳಿನ ಹಗೇವುಗಳ ಪ್ರಸ್ತಾಪ ಇರಲಿಲ್ಲ. ತಂದೆಯವರು ಬನ್ನಿ ಗಿಡದ ಕೆಳಗೆ ತಲೆ ತಗ್ಗಿಸಿ ನಿಲ್ಲುತ್ತಿದ್ದುದು ಯಾಕೆಂದು ಆಗ ಹೊಳೆದಂತಾಯಿತು. ಅವರಿಗೆ ಗೊತ್ತಿದ್ದಿರಬೇಕು. ಗೊತ್ತಿದ್ದೂ ವರ್ಷ ವರ್ಷ ಬಂದು ಓಗೊಟ್ಟದ್ದು, ಈ ಒಬ್ಬ ಮನುಷ್ಯ ಒಂದು ಸಂಜೆ ಮುಂದೆ ನಿಲ್ಲಲೆಂದೇ ಇರಬೇಕು.

ಕಾಕಾ ಗೋಡೆಗೆ ಒರಗಿಸಿದ್ದ ಕೋಲನ್ನು ತಂದು ತೊಡೆಯ ಮೇಲೆ ಇಟ್ಟುಕೊಂಡರು. ಆಮೇಲೆ ಹೇಳಿದರು:

“ಮುಗೀಲಿ ಅವ್ವಾರ. ನಾ ಬ್ಯಾಡನ್ನೂದಿಲ್ಲ. ನನ್ನ ಮಗನೂ ಇದನ್ನ ಹಿಡಿಯಾಂವಲ್ಲ, ಟ್ರ್ಯಾಕ್ಟರ್ ಹೊಡೀತಾನ. ಆದ್ರ ಇದು ಟಪಾಲಿನ್ಯಾಗ ಮುಗಿಯೂದಲ್ರಿ. ನಮ್ಮ ಅಪ್ಪ ಹೇಳ್ಯಾನ. ಮೂರು ಸಲ ಕೂಗಬೇಕು. ಯಾರೂ ಓ ಅನ್ನಲಿಲ್ಲಂದ್ರ ಕೋಲು ಬನ್ನಿ ಬುಡಕ್ಕ ಇಟ್ಟು ಬರಬೇಕು. ಆದ್ರ ಆ ಮನಿತನದವರೊಬ್ಬರು ಎದುರಿಗೆ ಇರಬೇಕ್ರಿ. ಇಲ್ಲಂದ್ರ ಕದ್ದ ಸಾಮಾನು ಒಗದು ಬಂದಂಗ ಆಗತೈತಿ. ನಾ ಕದ್ದಿಲ್ಲಲ್ರಿ?”

“ಇಲ್ರಿ ಕಾಕಾ.”

“ಹಂಗಾದ್ರ ಬರ್ರಿ. ಸುಮ್ಮನ ನಿಂತ್ರ ಸಾಕು. ಓ ಅನಬ್ಯಾಡ್ರಿ.”

ಕಾಕಾ ಕೇಳಿದ್ದು ಅಷ್ಟೇ. ಅವರ ಹಿರಿಯರ ಕೈಯಿಂದ ಬಂದ ಕೋಲನ್ನು ಅವರೇ, ಎಲ್ಲರ ಎದುರಿಗೆ, ಮಾನದಿಂದ ಕೆಳಗಿಡಬೇಕು. ನಾನು ಆಗಲೆಂದೆ.

ವಿಜಯದಶಮಿಯ ಸಂಜೆ ನಾನು ಹೆಂಗಸರ ಸಾಲಿನ ಮುಂದೆ ನಿಂತಿದ್ದೆ. ಹಳದಿ ಬಿಸಿಲು ಗೋವಿನಜೋಳದ ಹೊಲಗಳ ಮೇಲಿತ್ತು. ಜನ ಪ್ರತಿವರ್ಷಕ್ಕಿಂತ ಹೆಚ್ಚು ಸೇರಿದ್ದರು. ಪತ್ರದ ಸುದ್ದಿ ಸುತ್ತಲ ಊರುಗಳಿಗೂ ಮುಟ್ಟಿರಬೇಕು. ಕಾಕಾ ಕಪ್ಪು ಕೋಟು ತೊಟ್ಟಿದ್ದರು. ಹಿತ್ತಾಳೆಯ ಕಟ್ಟು ಬಂಗಾರದಂತೆ ಹೊಳೆಯುತ್ತಿತ್ತು. ಹುಣಸೆಹಣ್ಣು ಹಚ್ಚಿ ತಿಕ್ಕಿದವಳು ಆ ಸೊಸೆಯೇ ಇರಬೇಕೆಂದು ನನಗನಿಸಿತು.

ಮೊದಲ ಕೂಗು ದೊಡ್ಡದಾಗಿ, ಸ್ಪಷ್ಟವಾಗಿ ಬಂತು.

ಎರಡನೆಯದು ಮುಗಿಯುತ್ತಿದ್ದಂತೆ ಹಿಂದಿನಿಂದ ಯಾರೋ ಅಂದರು: “ಗೌಡ್ರಿಗೆ ಬಸ್ ತಪ್ಪೇತ್ರೋ!” ಜನ ನಕ್ಕರು. ಇನ್ನೊಬ್ಬರು, “ಯಾರರ ಒಬ್ರು ಓ ಅನ್ರಪಾ, ಮನ್ಯಾಗ ಹೋಳಿಗಿ ಆರಾಕತ್ತಾವು” ಎಂದರು. ನಗು ಇನ್ನೂ ಹೆಚ್ಚಾಯಿತು. ಅದು ಕೆಟ್ಟ ನಗುವಾಗಿರಲಿಲ್ಲ. ಆದರೆ ಕಾಕಾ ಕೋಲನ್ನು ಎರಡೂ ಕೈಗಳಿಂದ ಹಿಡಿದುಕೊಂಡದ್ದು ನನಗೆ ಕಂಡಿತು. ಅವರ ಸೊಸೆ ನನ್ನ ಬಾಜೂ ನಿಂತು, ನಕ್ಕವರತ್ತ ತಿರುಗಿ, “ನಿಮ್ಮ ಹೋಳಿಗಿ ನಾಯಿ ಒಯ್ಯಲಿ” ಎಂದಳು.

ಮೂರನೆಯ ಕೂಗು. “ನಾಡಿಗೆ ಗೌಡರು, ಸೀಮಿಗೆ ಹಿರಿಯರು” ಎಂದು ಆರಂಭಿಸಿದವರು ಅಲ್ಲಿಗೆ ನಿಂತರು. ಮತ್ತೆ ಪ್ರಯತ್ನಿಸಿ, “ಬನ್ನಿಗೆ ಮೊದಲಿಗರು, ಬಂದಾರೇನೋ?” ಎಂದು ಮೆಲ್ಲಗೆ, ನನ್ನ ತಂದೆಯವರು ಓಗೊಡುತ್ತಿದ್ದಷ್ಟೇ ಮೆಲ್ಲಗೆ, ಹೇಳಿದರು.

ಒಲೆಯ ಮುಂದೆ ಹೇಳಿ ನೋಡಿದ್ದ ಆ ಒಂದು ಮಾತು ಬಾಯಿಯವರೆಗೆ ಬಂದಿತ್ತು. ಅದನ್ನು ಹೇಳಿದ್ದರೆ ನಗು ಆ ಕ್ಷಣಕ್ಕೆ ಅಡಗುತ್ತಿತ್ತು, ಕಾಕಾನ ಕೈಗೆ ಮೊದಲ ಎಲೆ ಸಿಗುತ್ತಿತ್ತು, ನನಗೂ ಬಸ್ಸಿನ ಸೀಟು ಖಾಯಂ ಆಗುತ್ತಿತ್ತು. ಸುಮ್ಮನಿರುವುದಾಗಿ ತಂದೆಯವರಿಗೂ ಕಾಕಾನಿಗೂ ಮಾತು ಕೊಟ್ಟಿದ್ದೆ. ಆದರೆ ಬೇಸಿಗೆಯಿಂದ ಆ ಮನುಷ್ಯನಿಗೆ ನಾನು ಕೊಟ್ಟದ್ದೆಲ್ಲ ಮೌನವೇ. ಮಾತಾಡಿದ್ದು ಅಂಚೆಯ ಮೂಲಕ. ಈಗಲೂ ಅವರೊಬ್ಬರೇ ಕೂಗಿ, ಅವರೊಬ್ಬರೇ ನಗೆಗೀಡಾಗಿ ಹಿಂದಿರುಗಬೇಕೆ?

ನಾನು ಸಾಲು ಬಿಟ್ಟು ಮುಂದೆ ಬಂದೆ. ಎಲ್ಲರಿಗೂ ಕೇಳುವಂತೆ ಹೇಳಿದೆ:

“ಯಾರೂ ಬಂದಿಲ್ರಿ ಕಾಕಾ. ನಮ್ಮ ಮನಿಯಿಂದ ಇನ್ನ ಯಾರೂ ಬರೂದಿಲ್ರಿ. ಮುಗೀತು. ಇಷ್ಟು ವರ್ಷ ಕೂಗಿದಿರಿ, ನೀವು ಇಡ್ರಿ ಕೋಲು.”

ನಗು ನಿಂತಿತು. ಕಾಕಾ ನನ್ನನ್ನೇ ನೋಡಿದರು. ನಂತರ ಗಿಡದತ್ತ ತಿರುಗಿ, ಕೋಟಿನ ಗುಂಡಿ ಸರಿಮಾಡಿಕೊಂಡು, ಬಾಗಿ, ಮಲಗಿದ ಕೂಸನ್ನು ಇಳಿಸುವಂತೆ ಕೋಲನ್ನು ಬುಡದಲ್ಲಿ ಇಟ್ಟರು. ಎದ್ದು ನಿಲ್ಲಲು ಅವರಿಗೆ ಸ್ವಲ್ಪ ಹೊತ್ತು ಬೇಕಾಯಿತು. ಕೈ ಕೊಡಲು ಹೋದೆ. ಬೇಡವೆಂದು ತಲೆಯಾಡಿಸಿದರು.

ಮುಂದೇನೆಂದು ಯಾರಿಗೂ ತಿಳಿಯಲಿಲ್ಲ. ಮೊದಲ ಟೊಂಗೆ ಮುರಿಯುವವರು ಯಾರು ಎಂದು ಹಿರಿಯರು ಮುಖ ಮುಖ ನೋಡಿಕೊಂಡರು. ಕೊನೆಗೆ ಯಾರೆಂದು ತೀರ್ಮಾನವಾಗುವ ಮೊದಲೇ ಹತ್ತಾರು ಕೈಗಳು ಒಟ್ಟಿಗೆ ಗಿಡಕ್ಕೆ ಹತ್ತಿದವು. ಆ ನೂಕಾಟದಲ್ಲಿ ಕಾಕಾ ಹಿಂದೆ ಹಿಂದೆ ಸರಿಯುತ್ತ ಬಂದು ಎಲ್ಲರಿಗಿಂತ ಕಡೆಗೆ ನಿಂತರು. ನಾನು ಅವರ ಹಿಂದೆ ಹೋಗಿ ನಿಂತೆ.

“ಮುಂದ ಬರ್ರಿ ಅವ್ವಾರ.”

“ಬ್ಯಾಡ್ರಿ. ಇನ್ನ ನನಗ ನೀವು-ತಾವು ಅನಬ್ಯಾಡ್ರಿ ಕಾಕಾ. ನೀ ಅನ್ರಿ.”

ಅವರು ಯೋಚಿಸಿದರು. “ನೀ” ಎನ್ನಲು ಒಮ್ಮೆ ಬಾಯಿ ತೆರೆದರು. “ಆಗೂದಿಲ್ರಿ. ಕೋಲಿನಂಗ ಅದು ಕೈಯಾಗ ಇದ್ದದ್ದಲ್ಲ, ಇಡಾಕ” ಎಂದರು.

ನಮ್ಮ ಸರದಿ ಬರುವಷ್ಟರಲ್ಲಿ ಕೆಳಗಿನ ಟೊಂಗೆಗಳೆಲ್ಲ ಬೋಳಾಗಿದ್ದವು. ಕಾಕಾನಿಗೆ ಮೇಲಿನದು ಎಟಕಲಿಲ್ಲ. ನನಗೂ ಎಟಕಲಿಲ್ಲ. ನೆಲದ ಮೇಲೆ ಬಿದ್ದಿದ್ದ, ಯಾರೋ ತುಳಿದ ಒಂದಿಷ್ಟು ಎಲೆಗಳನ್ನು ನಾನು ಆರಿಸಿಕೊಂಡೆ. ಸೆರಗಿನಿಂದ ಮಣ್ಣು ಒರೆಸಿ ಅವರ ಕೈಗೆ ಕೊಟ್ಟೆ. ಅವರು ಎಂದಿನಂತೆ ಕಣ್ಣಿಗೊತ್ತಿಕೊಂಡು, ಅರ್ಧ ನನಗೆ ತಿರುಗಿಸಿ ಕೊಟ್ಟರು.

“ಬಂಗಾರ ತಗೊಂಡು ಬಂಗಾರದಂಗ ಇರೂಣ್ರಿ” ಎಂದರು.

ನಾನು ಬಾಗಿ ಅವರ ಕಾಲು ಮುಟ್ಟಲು ಹೋದಾಗ ಗಾಬರಿಯಾಗಿ ಹಿಂದೆ ಸರಿದರು. ಮೊದಲ ಎಲೆ ಪಡೆಯುತ್ತಿದ್ದ ಆ ಕೈಗೆ ಕಡೆಯ ಎಲೆ ಕೊಟ್ಟವಳು ನಾನೇ. ಅದು ನ್ಯಾಯವೇ ಆಗಿದ್ದರೂ, ಆ ಕೈ ಇನ್ನೂ ನನ್ನ ಕಣ್ಣ ಮುಂದಿದೆ. ಸೊಸೆ ದೂರದಿಂದ, “ಮಾವಾ, ನಡೀರಿ, ಕತ್ತಲಾತು” ಎಂದು ಕೂಗಿದಳು. ಕಾಕಾ ಆ ಕೂಗಿಗೆ “ಬಂದೇನಿ” ಎಂದು ಹೇಳಿ, ಕೋಲಿಲ್ಲದ ಕೈಯನ್ನು ಕೋಟಿನ ಕಿಸೆಯಲ್ಲಿ ಇಟ್ಟುಕೊಂಡು ನಡೆದರು.